ಛಾವಣಿಯ ಮೇಲಿನ ಹಳ್ಳಿ

ಪ್ರಕೃತಿಚಿತ್ರವೆಂದೊಡನೆ ನಮ್ಮ ಮನಸ್ಸು ಹಿಮಶಿಖರವನ್ನೋ ಜಲಪಾತವನ್ನೋ ಅರಸುತ್ತದೆ. ಬಂಗಾಳದ ಬೀರ್‌ಭೂಮ್ ಜಿಲ್ಲೆಯಲ್ಲಿ ಅಂಥ ವೈಭವವೇನೂ ಇಲ್ಲ. ಮಳೆನೀರು ಕೊರೆದ ಕೆಮ್ಮಣ್ಣಿನ ಕೊರಕಲುಗಳು, ಅಲ್ಲೊಂದು ಇಲ್ಲೊಂದು ತಾಳೆಮರ, ಸಂತಾಲರ ಗುಡಿಸಲುಗಳು, ಬರಿಯ ಬಯಲು. ಈ ನೆಲವನ್ನೇ ತಮ್ಮ ಕಲೆಗೆ ವಸ್ತುವಾಗಿಸಿಕೊಂಡವರು ಶಾಂತಿನಿಕೇತನದ ಬಿನೋದ ಬಿಹಾರಿ ಮುಖರ್ಜಿ.

1904ರಲ್ಲಿ ಜನಿಸಿದ ಅವರಿಗೆ ಒಂದು ಕಣ್ಣು ಕಾಣದು. ಇನ್ನೊಂದರ ದೃಷ್ಟಿಯೂ ಮಂದ. ಕಲಾಭವನದಲ್ಲಿ ನಂದಲಾಲ ಬೋಸರ ಶಿಷ್ಯರಾಗಿ, ಮುಂದೆ ಅಲ್ಲಿಯೇ ಅಧ್ಯಾಪಕರಾದರು. ಬಂಗಾಳದ ಚಿತ್ರಕಾರರಲ್ಲಿ ಹಲವರು ಪುರಾಣ, ಇತಿಹಾಸಗಳತ್ತ ಮುಖಮಾಡಿದ್ದ ಕಾಲದಲ್ಲಿ ಇವರು ಕಣ್ಣೆದುರಿನ ಊರನ್ನೇ ನೋಡುತ್ತ ಕುಳಿತರು.

1940ರಲ್ಲಿ ಕಲಾಭವನದ ವಿದ್ಯಾರ್ಥಿನಿಲಯದ ಛಾವಣಿಯ ಮೇಲೆ ಅವರು ಬರೆದ ಚಿತ್ರ ಆ ನೋಟದ ಫಲ. ನಡುವೆ ಕೊಳ, ಅದರ ಸುತ್ತಲೂ ಮರಗಿಡ, ಪ್ರಾಣಿಗಳು, ತಮ್ಮ ತಮ್ಮ ಕೆಲಸದಲ್ಲಿ ತೊಡಗಿದ ಹಳ್ಳಿಯ ಜನ. ಇಲ್ಲಿ ಮೇಲು ಕೆಳಗೆಂಬುದಿಲ್ಲ. ನೋಡುವವನು ನಿಲ್ಲಬೇಕಾದ ನಿಶ್ಚಿತ ಸ್ಥಳವೂ ಇಲ್ಲ. ತಲೆಯೆತ್ತಿದವನು ಊರ ಹೊರಗಿನ ಪ್ರೇಕ್ಷಕನಾಗಿ ಉಳಿಯದೆ, ಕೊಳದ ದಂಡೆಯಲ್ಲಿ ಸುತ್ತುವ ಗ್ರಾಮಸ್ಥನೇ ಆಗುತ್ತಾನೆ.

1950ರ ದಶಕದಲ್ಲಿ, ಶಸ್ತ್ರಚಿಕಿತ್ಸೆಯ ತರುವಾಯ, ಇದ್ದ ದೃಷ್ಟಿಯೂ ಹೋಯಿತು. ಆದರೂ ಕೈಗಳು ಕೆಲಸ ನಿಲ್ಲಿಸಲಿಲ್ಲ. ಕಾಗದ ಕತ್ತರಿಸಿ ಚಿತ್ರ ಜೋಡಿಸಿದರು. ಮೇಣದಲ್ಲಿ ಆಕೃತಿಗಳನ್ನು ಮೂಡಿಸಿದರು. ಸೆರಾಮಿಕ್ ಬಿಲ್ಲೆಗಳ ಭಿತ್ತಿಚಿತ್ರವನ್ನೂ ರಚಿಸಿದರು. ಶಿಷ್ಯ ಸತ್ಯಜಿತ್ ರಾಯ್ 1972ರಲ್ಲಿ ಗುರುವನ್ನು ಕುರಿತು ತೆಗೆದ ಸಾಕ್ಷ್ಯಚಿತ್ರದ ಹೆಸರು 'ದಿ ಇನ್ನರ್ ಐ', ಅಂದರೆ ಒಳಗಣ್ಣು. 1980ರಲ್ಲಿ ಬಿನೋದ ಬಿಹಾರಿ ತೀರಿಕೊಂಡರು.

ಎರಡು ಕಣ್ಣುಗಳುಳ್ಳ ನಾವು ನಮ್ಮೂರ ಕೆರೆಯನ್ನು ನಿಜವಾಗಿ ಎಷ್ಟು ಬಾರಿ ನೋಡಿದ್ದೇವೆ ಎಂದು ಒಮ್ಮೆ ಕೇಳಿಕೊಳ್ಳುವುದು ಉಚಿತ.