ಕಿವಿ ಕೇಳದ ಬಾಲಣ್ಣ ಕಟ್ಟಿದ ಸ್ಟುಡಿಯೋ

ಹಾಸನ ಜಿಲ್ಲೆಗೂ ಸಿನಿಮಾಗೂ ಏನು ನಂಟು ಅಂದರೆ ನಾವೆಲ್ಲ ಬೇಲೂರು, ಹಳೇಬೀಡಿನಲ್ಲಿ ತೆಗೆದ ಹಾಡುಗಳ ಹೆಸರು ಹೇಳಿ ಸುಮ್ಮನಾಗುತ್ತೇವೆ. ಸ್ವಲ್ಪ ಓದಿಕೊಂಡವರಾದರೆ, ಹೆಸರಿನಲ್ಲೇ ಅರಕಲಗೂಡು ಇಟ್ಟುಕೊಂಡಿದ್ದ ಅ.ನ.ಕೃ. ಅವರು 1942ರ 'ಜೀವನ ನಾಟಕ' ಚಿತ್ರಕ್ಕೆ ಬರೆದದ್ದನ್ನೂ ಸೇರಿಸಬಹುದು. ಆದರೆ ನಟ ಟಿ.ಎನ್. ಬಾಲಕೃಷ್ಣ ನಮ್ಮ ಅರಸೀಕೆರೆಯವರು ಅನ್ನುವುದು ಚನ್ನರಾಯಪಟ್ಟಣದವನಾದ ನನಗೇ ಬಹಳ ದಿನ ಗೊತ್ತಿರಲಿಲ್ಲ :) ಅಂದ ಹಾಗೆ ನರಸಿಂಹರಾಜು ಪಕ್ಕದ ತಿಪಟೂರಿನವರು. ಒಂದೇ ರೈಲು ಹಾದಿಯ ಎರಡು ಊರುಗಳು ಸೇರಿ ಇಡೀ ಕರ್ನಾಟಕವನ್ನು ನಗಿಸಿವೆ!

ಬಾಲಣ್ಣ ಬಂದದ್ದು ಕಂಪನಿ ನಾಟಕದಿಂದ. ಅಲ್ಲಿ ನಟನೆಂದರೆ ಬಣ್ಣ ಹಚ್ಚಿಕೊಂಡು ಮಾತು ಹೇಳಿ ಹೋಗುವವನಲ್ಲ. ಬೋರ್ಡು ಬರೆಯಬೇಕು, ಪರದೆ ಎಳೆಯಬೇಕು, ಬೇಕಾದರೆ ಗೇಟನ್ನೂ ಕಾಯಬೇಕು. ಈ ಮನುಷ್ಯನಿಗೆ ಇನ್ನೊಂದು ಕಷ್ಟವಿತ್ತು. ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ. ಸೈಡ್ ವಿಂಗಿನಲ್ಲಿ ನಿಂತು ಯಾರಾದರೂ ಮಾತು ಹೇಳಿಕೊಟ್ಟರೂ ಪ್ರಯೋಜನವಿಲ್ಲ. ಎದುರಿನವರ ತುಟಿ ಆಡುವುದನ್ನು ನೋಡಿಕೊಂಡೇ ಸರಿಯಾದ ಹೊತ್ತಿಗೆ ತಮ್ಮ ಮಾತು ಹೇಳುತ್ತಿದ್ದರು. 'ಬಂಗಾರದ ಮನುಷ್ಯ'ದ (1972) ರಾಚೂಟಪ್ಪನನ್ನು ಇನ್ನೊಮ್ಮೆ ನೋಡಿ. ಅವರ ಕಣ್ಣು ಎಲ್ಲಿರುತ್ತದೆ ಅಂತ ಗಮನಿಸಿ. ಹಾಸ್ಯವಿರಲಿ, ಖಳನಿರಲಿ, ಹೀಗೇ 500ಕ್ಕೂ ಹೆಚ್ಚು ಚಿತ್ರ!

ಮೊದಲ ಚಿತ್ರ 1943ರ 'ರಾಧಾರಮಣ'. ಜಿ.ವಿ. ಅಯ್ಯರ್ ಅವರಿಗೂ ಅದೇ ಮೊದಲು. ಆಗ ಕನ್ನಡ ಚಿತ್ರ ಅಂದರೆ ಹೆಚ್ಚಾಗಿ ಮದರಾಸಿನ ಸ್ಟುಡಿಯೋ. ಸೆಟ್ಟು ಅವರದು, ದಿನ ಕೊಡುವವರೂ ಅವರೇ. ಚಿತ್ರಗಳೇ ಕಡಿಮೆಯಾದಾಗ ರಾಜ್‌ಕುಮಾರ್, ಅಯ್ಯರ್, ನರಸಿಂಹರಾಜು, ಬಾಲಣ್ಣ ನಾಲ್ವರೂ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘ ಕಟ್ಟಿ, ಊರೂರಿಗೆ ನಾಟಕ ಹೊತ್ತುಕೊಂಡು ಹೋದರು. 1960ರಲ್ಲಿ 'ರಣಧೀರ ಕಂಠೀರವ'ವನ್ನು ತಾವೇ ನಿರ್ಮಿಸಿದರು.

ಬಾಲಣ್ಣ ಅಷ್ಟಕ್ಕೇ ನಿಲ್ಲಲಿಲ್ಲ. ಬೆಂಗಳೂರಿನಲ್ಲಿ ಕಂಠೀರವ ಸ್ಟುಡಿಯೋ ಶುರುವಾದದ್ದು 1966ರಲ್ಲಿ. ಅದಾದ ಕೆಲವೇ ವರ್ಷಕ್ಕೆ ಕೆಂಗೇರಿ-ಉತ್ತರಹಳ್ಳಿ ರಸ್ತೆಯಲ್ಲಿ ಸರ್ಕಾರದಿಂದ 20 ಎಕರೆ ಪಡೆದು ಅಭಿಮಾನ್ ಸ್ಟುಡಿಯೋ ಕಟ್ಟಲು ಹೊರಟರು. ಕಂಪನಿಯಲ್ಲಿ ಬೋರ್ಡು ಬರೆದ ಕೈ ಅದು, ಸೆಟ್ಟಿಗೆ ಜಾಗವಿಲ್ಲದ ಸಂಕಟ ಏನೆಂದು ಗೊತ್ತಿತ್ತು. ನಟನೆಯಲ್ಲಿ ಬಂದ ದುಡ್ಡನ್ನೆಲ್ಲ ಅದಕ್ಕೇ ಸುರಿದರು, ಸಾಲವೂ ಆಯಿತು. ಪೋಷಕ ನಟನೊಬ್ಬನ ಸಂಭಾವನೆಯಲ್ಲಿ ಸ್ಟುಡಿಯೋ ನಡೆಸುವುದು ಆಗುವ ಮಾತೇ? ನನ್ನನ್ನು ಕೇಳಿದರೆ ಅದು ಹುಚ್ಚು ಸಾಹಸ. ಆದರೆ ದೊಡ್ಡ ನಾಯಕರ್ಯಾರೂ ಆ ಹುಚ್ಚಿಗೆ ಕೈ ಹಾಕದಿದ್ದಾಗ ಹಾಕಿದವರು ಅವರು. 1995ರ ಜುಲೈ 19ರಂದು ತೀರಿಕೊಂಡರು.

ಈಗ ಅಭಿಮಾನ್ ಅಂದರೆ ನೆನಪಾಗುವುದು ವಿಷ್ಣುವರ್ಧನ್. 2009ರ ಡಿಸೆಂಬರ್‌ನಲ್ಲಿ ಅವರ ಅಂತ್ಯಕ್ರಿಯೆ ಅಲ್ಲೇ ನಡೆಯಿತು. ಆಮೇಲೆ ವರ್ಷಗಟ್ಟಲೆ ಜಾಗದ ಜಗಳ, 2023ರಲ್ಲಿ ಮೈಸೂರಿನಲ್ಲಿ ಸ್ಮಾರಕ, 2025ರ ಆಗಸ್ಟ್‌ನಲ್ಲಿ ಅಭಿಮಾನ್‌ನಲ್ಲಿದ್ದ ಸಮಾಧಿಯ ನೆಲಸಮ. ಅಭಿಮಾನಿಗಳ ಸಿಟ್ಟು ನ್ಯಾಯವಾದದ್ದೇ. ಆ ಗಲಾಟೆಯ ಸುದ್ದಿಗಳಲ್ಲಿ ಬಾಲಣ್ಣನ ಹೆಸರು ಜಮೀನಿನ ದಾಖಲೆಯ ಹೆಸರಾಗಿ ಮಾತ್ರ ಬಂತು ನೋಡಿ, ನನಗೆ ಬೇಜಾರಾದದ್ದು ಅಲ್ಲಿ.

ಅರಸೀಕೆರೆ ಕಡೆಯ ಗೆಳೆಯರು ಯಾರಾದರೂ ಇದನ್ನು ಓದುತ್ತಿದ್ದರೆ, ನಿಮ್ಮ ಮನೆಯ ಹಿರಿಯರು ಬಾಲಣ್ಣನ ನಾಟಕ ನೋಡಿದ್ದರೆ, ದಯವಿಟ್ಟು ಕೇಳಿ ಬರೆಯಿರಿ.