ಒಂದು ತಾಸು ಮುಂದೆ ಓಡಿದ ಕಾಲ

ನಮ್ಮವ್ವನ ಟ್ರಂಕಿನಲ್ಲಿ ಅವಳ ತಂದೆಯ ಒಂದು ಲೆಕ್ಕದ ಪುಸ್ತಕವಿದೆ. ಅಜ್ಜ ಧಾರವಾಡದ ಕಡೆಯ ಒಂದು ರೈಲು ನಿಲ್ದಾಣದಲ್ಲಿ ಗುಮಾಸ್ತರಾಗಿದ್ದರು. ಹಾಲಿನ ಲೆಕ್ಕ, ಕಿರಾಣಿ ಬಾಕಿಗಳ ನಡುವೆ 1944ರ ಫೆಬ್ರವರಿ 9ರ ಒಂದು ಸಾಲು: ‘ಭಾರತ ಹುಣ್ಣಿಮೆ, ಬುಧವಾರ, ಬೆಳಿಗ್ಗೆ 8 ಗಂಟೆ 5 ನಿಮಿಷಕ್ಕೆ ಹೆಣ್ಣು ಕೂಸು.’ ಆ ಕೂಸೇ ನಮ್ಮವ್ವ.

ಅಜ್ಜಿ ಮಾತ್ರ ಬೇರೆಯೇ ಹೇಳುತ್ತಿದ್ದಳು. “ಹೊತ್ತು ಆಗಷ್ಟ ಮೂಡಿತ್ತು. ಸೂಲಗಿತ್ತಿ ಕೂಸಿನ್ನ ಎತ್ತಿದಾಗ ಬಾಗಲದಾಗ ಎಳಿಬಿಸಲ ಇತ್ತು.” ಆ ದಿನಗಳಲ್ಲಿ ನಮ್ಮ ಕಡೆ ಏಳು ಗಂಟೆಗೆ ಮುಂಚೆಯೇ ಹೊತ್ತು ಮೂಡುತ್ತದೆ. ಎಂಟು ಹೊಡೆಯುವ ಹೊತ್ತಿಗೆ ಎಳೆಬಿಸಿಲು ಎಲ್ಲಿ ಉಳಿದೀತು? “ಬ್ಯಾನಿ ತಿನ್ನಾಕಿಗೆ ಹೊತ್ತಿನ ಖಬರು ಎಲ್ಲಿಂದ?” ಎಂದು ಮನೆಯವರು ನಗುತ್ತಿದ್ದರಂತೆ. ಅಜ್ಜನ ಗಡಿಯಾರ ಸ್ಟೇಷನ್ನಿನ ಗಡಿಯಾರಕ್ಕೆ ಹೊಂದಿಸಿದ್ದು. ಅದು ಸುಳ್ಳು ಹೇಳಲು ಸಾಧ್ಯವೇ?

1961ರಲ್ಲಿ ವರ ನೋಡಲು ಶುರುಮಾಡಿದಾಗ ಜೋಯಿಸರಿಂದ ಜಾತಕ ಬರೆಸಿದರು. ಕುಂಭ ಲಗ್ನ, ನಾಲ್ಕನೆಯ ಮನೆಯಲ್ಲಿ ಕುಜ. ಕುಜದೋಷದ ಹುಡುಗಿ ಎಂದು ಮೂರು ಸಂಬಂಧ ಹಿಂದಕ್ಕೆ ಹೋದವು. ಒಂದು ಮನೆಯವರಂತೂ ಮಾತುಕತೆಯೆಲ್ಲ ಮುಗಿದ ಮೇಲೆ ಬೇಡವೆಂದರು. ಶಾಂತಿ ಮಾಡಿಸಿದರು, ಅದಕ್ಕೆ ಸಾಲವೂ ಆಯಿತು. ಅವ್ವನಿಗೆ ಕಲಿತು ಮಾಸ್ತರಿಕೆ ಮಾಡುವ ಆಸೆ ಇತ್ತು. ಅದಕ್ಕೆ ದುಡ್ಡು ಉಳಿಯಲಿಲ್ಲ. ಕೊನೆಗೆ ದೋಷಕ್ಕೆ ದೋಷ ಹೊಂದಿಸಿ 1967ರಲ್ಲಿ ನಮ್ಮಪ್ಪನೊಂದಿಗೆ ಮದುವೆಯಾಯಿತು.

ಕೆಲವು ವರ್ಷಗಳ ಹಿಂದೆ ಎರಡನೆಯ ಮಹಾಯುದ್ಧದ ಪಾಠಕ್ಕೆ ತಯಾರಿ ಮಾಡಿಕೊಳ್ಳುತ್ತಿದ್ದಾಗ ಒಂದು ಸಂಗತಿ ಕಣ್ಣಿಗೆ ಬಿತ್ತು. ಯುದ್ಧಕಾಲದಲ್ಲಿ ದೇಶದ ಗಡಿಯಾರಗಳನ್ನೆಲ್ಲ ಒಂದು ತಾಸು ಮುಂದಕ್ಕೆ ತಿರುಗಿಸಿದ್ದರು! ಹಗಲಿನ ಬೆಳಕನ್ನು ಹೆಚ್ಚು ಬಳಸಿ ದೀಪದ ಖರ್ಚು ಉಳಿಸಬೇಕೆಂಬುದು ಅದರ ಉದ್ದೇಶ. 1942ರ ಸೆಪ್ಟೆಂಬರ್ 1ರಿಂದ 1945ರ ಅಕ್ಟೋಬರ್ ನಡುವಿನವರೆಗೆ ಮೂರು ವರ್ಷಕ್ಕೂ ಹೆಚ್ಚು ಕಾಲ ಹೀಗೇ ನಡೆಯಿತು. ಸೂರ್ಯ ತನ್ನ ಪಾಡಿಗೆ ತಾನು ಹುಟ್ಟಿ ಮುಳುಗುತ್ತಿದ್ದ. ಸರಕಾರದ ಮುಳ್ಳು ಮಾತ್ರ ಅವನಿಗಿಂತ ಮುಂದೆ ಓಡುತ್ತಿತ್ತು.

ಹಾಗೆ ನೋಡಿದರೆ ಅದಕ್ಕೆ ಮುಂಚೆಯೂ ಕಾಲ ಒಂದೇ ಕಡೆ ನಿಂತಿರಲಿಲ್ಲ. ಮೊದಲು ಊರೂರಿಗೆ ಅದರದೇ ಹೊತ್ತು. ಭೂಮಿಯ ಒಂದು ರೇಖಾಂಶಕ್ಕೆ ನಾಲ್ಕು ನಿಮಿಷದ ವ್ಯತ್ಯಾಸ. ರೈಲು ಬಂದ ಮೇಲೆ ಇದು ಕಷ್ಟವಾಗಿ, ರೈಲಿನವರು ಮದರಾಸಿನ ಹೊತ್ತನ್ನು ಹಿಡಿದರು. 1906ರ ಜನವರಿ 1ರಿಂದ 82½ ಡಿಗ್ರಿ ರೇಖಾಂಶದ ಹೊತ್ತು ಇಡೀ ದೇಶದ ಹೊತ್ತಾಯಿತು. ಮದರಾಸು ಇದಕ್ಕಿಂತ 9 ನಿಮಿಷ ಹಿಂದೆ, ಬೊಂಬಾಯಿ 39 ನಿಮಿಷ ಹಿಂದೆ, ಕಲಕತ್ತೆ 24 ನಿಮಿಷ ಮುಂದೆ. ಜನ ಸುಲಭವಾಗಿ ಒಪ್ಪಲಿಲ್ಲ. ಗಡಿಯಾರ ಬದಲಿಸಿದ್ದಕ್ಕೆ ಬೊಂಬಾಯಿಯ ಗಿರಣಿ ಕಾರ್ಮಿಕರು ಪ್ರತಿಭಟಿಸಿದರು. ಅಲ್ಲಿಯ ನಗರಸಭೆ ಹಳೆಯ ಹೊತ್ತನ್ನೇ ಉಳಿಸಿಕೊಂಡಿತು. ಕಲಕತ್ತೆ 1948ರವರೆಗೆ, ಬೊಂಬಾಯಿ ಅದರ ನಂತರವೂ ಕೆಲವು ವರ್ಷ ತಮ್ಮ ಹೊತ್ತನ್ನು ಬಿಟ್ಟುಕೊಡಲಿಲ್ಲ.

ಅಂದು ಮನೆಗೆ ಬಂದವಳೇ ಕಾಗದ ಹಿಡಿದು ಕುಳಿತೆ. ಧಾರವಾಡ ಸುಮಾರು 75 ಡಿಗ್ರಿಯಲ್ಲಿದೆ. ಏಳೂವರೆ ಡಿಗ್ರಿ ವ್ಯತ್ಯಾಸವೆಂದರೆ ಅರ್ಧ ತಾಸು. ಇದನ್ನು ಜೋಯಿಸರು ಕಳೆದಿದ್ದರು. ಯುದ್ಧದ ಒಂದು ತಾಸನ್ನು ಕಳೆದಿರಲಿಲ್ಲ. ಹದಿನೇಳು ವರ್ಷ ಹಿಂದಿನ ಆ ಮಾತು ಯಾರ ನೆನಪಿನಲ್ಲೂ ಇರಲಿಲ್ಲವೇನೋ. ಅಜ್ಜ ಬರೆದ 8 ಗಂಟೆ 5 ನಿಮಿಷ ಅಸಲಿಗೆ 7 ಗಂಟೆ 5 ನಿಮಿಷ. ಹೊತ್ತು ಆಗಷ್ಟೇ ಮೂಡಿತ್ತು!

ಒಂದು ಲಗ್ನ ಇರುವುದು ಸುಮಾರು ಐದು ಗಳಿಗೆ, ಅಂದರೆ ಎರಡು ತಾಸು. ಒಂದು ತಾಸು ಹಿಂದೆ ಸರಿಸಿದರೆ ಅವ್ವನದು ಕುಂಭವಲ್ಲ, ಮಕರ ಲಗ್ನ. ಕುಜ ಐದನೆಯ ಮನೆಗೆ ಹೋಗುತ್ತಾನೆ. ಜೋಯಿಸರ ಶಾಸ್ತ್ರದ ಪ್ರಕಾರವೇ ಅಲ್ಲಿ ದೋಷವಿಲ್ಲ. ಜಾತಕದಲ್ಲಿ ನನಗೆ ಅಂಥ ನಂಬಿಕೆಯೇನಿಲ್ಲ. ಆದರೆ ನಂಬಿದವರ ಲೆಕ್ಕದಲ್ಲೂ ಅವ್ವ ನಿರ್ದೋಷಿಯಾಗಿದ್ದಳು ಎಂದು ತಿಳಿದಾಗ ಹೊಟ್ಟೆ ಚುರುಕ್ ಎಂದಿತು. ಆರು ವರ್ಷ ಆಕೆ ತಲೆ ತಗ್ಗಿಸಿ ಚಹದ ತಟ್ಟೆ ಹಿಡಿದದ್ದು ಸರಕಾರಿ ಮುಳ್ಳಿನ ಒಂದು ಸುತ್ತಿಗಾಗಿ.

ಹೇಳಲೋ ಬೇಡವೋ ಎಂದು ಎರಡು ದಿನ ಸುಮ್ಮನಿದ್ದೆ. ಮೂರನೆಯ ದಿನ ಹೇಳಿದೆ. ಅವ್ವ ಅವರೆಕಾಯಿ ಸುಲಿಯುತ್ತಿದ್ದಳು. ಕೈ ನಿಂತಿತು. ಹಿಂದಕ್ಕೆ ಹೋದ ಸಂಬಂಧಗಳ ಬಗ್ಗೆ ಏನಾದರೂ ಅಂದಾಳು ಎಂದುಕೊಂಡೆ. ಅವಳು ಅಂದದ್ದು ಇಷ್ಟೇ: “ಅಂದ್ರ ನಮ್ಮವ್ವ ಹೇಳಿದ್ದು ಖರೇ ಇತ್ತು.” ಸ್ವಲ್ಪ ಹೊತ್ತಿನ ಮೇಲೆ, “ನಾನೂ ನಕ್ಕಿದ್ದೆನವಾ ಆಕಿಗೆ” ಎಂದು ಸೆರಗಿನಿಂದ ಕಣ್ಣೊರೆಸಿಕೊಂಡಳು.

ನಿಮ್ಮ ಮನೆಯಲ್ಲೂ ಆ ಮೂರು ವರ್ಷಗಳಲ್ಲಿ ಹುಟ್ಟಿದವರ ಹಳೆಯ ಜಾತಕ ಇದ್ದರೆ ಒಮ್ಮೆ ತೆಗೆದು ನೋಡಿ. ಆ ದಿನ ಹೊತ್ತು ಎಲ್ಲಿತ್ತೆಂದು ಹೆತ್ತವಳು ಹೇಳಿದ್ದು ಯಾರಿಗಾದರೂ ನೆನಪಿದ್ದರೆ ಅದನ್ನೂ ಕೇಳಿ.

ಅಂದು ಸಂಜೆ ಅವ್ವ ಟ್ರಂಕು ತೆಗೆಸಿದಳು. ಅಜ್ಜನ ಸಾಲನ್ನು ನಾನು ತಿದ್ದಹೊರಟಾಗ ಬೇಡವೆಂದಳು. “ಅವರು ನೋಡಿದ್ದು ಅವರು ಬರದಾರ. ಆಕಿ ನೋಡಿದ್ದನ್ನ ಕೆಳಗ ಬರಿ.” ಬರೆದೆ: ‘ಹೊತ್ತು ಆಗಷ್ಟೇ ಮೂಡಿತ್ತು.’ ಆ ಪುಸ್ತಕದಲ್ಲಿ ಅಜ್ಜಿಯ ಮಾತೆಂದು ಇರುವುದು ಅದೊಂದೇ ಸಾಲು.