ನೀಲಾ ಅಮ್ಮನಾದ ಕಥೆ

1954ರ 'ಬೇಡರ ಕಣ್ಣಪ್ಪ' ನೆನಪಿದೆಯಲ್ಲ? ರಾಜ್‌ಕುಮಾರ್ ನಾಯಕರಾದ ಮೊದಲ ಚಿತ್ರ. ಕಣ್ಣಪ್ಪನ ಹೆಂಡತಿ ನೀಲಾ ಆಗಿದ್ದವರು ಪಂಢರೀಬಾಯಿ. ಈಗ 1986ಕ್ಕೆ ಬನ್ನಿ, 'ಅನುರಾಗ ಅರಳಿತು'. ಹೀರೋ ಅದೇ ರಾಜ್‌ಕುಮಾರ್. ಪಂಢರೀಬಾಯಿ? ಅವರ ತಾಯಿ! ಇಬ್ಬರೂ ಹೆಚ್ಚುಕಮ್ಮಿ ಒಂದೇ ವಯಸ್ಸಿನವರು ಸ್ವಾಮಿ. ಇಂಜಿನಿಯರಿಂಗ್ ಓದಿದ ನನಗೂ ಈ ಲೆಕ್ಕ ಬಗೆಹರಿದಿಲ್ಲ.

ತಮಿಳಲ್ಲೂ ಇದೇ ಕಥೆ. 1952ರ 'ಪರಾಶಕ್ತಿ'ಯಲ್ಲಿ ಶಿವಾಜಿ ಗಣೇಶನ್‌ಗೆ ಪ್ರೇಯಸಿ. 1969ರ 'ದೈವಮಗನ್'ನಲ್ಲಿ ಅದೇ ಶಿವಾಜಿಗೆ ಹೆಂಡತಿಯೂ ಹೌದು, ತಾಯಿಯೂ ಹೌದು. ಅವರದು ತ್ರಿಪಾತ್ರ ನೋಡಿ. 'ಅನುರಾಗ ಅರಳಿತು' 1992ರಲ್ಲಿ ತಮಿಳಿನ 'ಮನ್ನನ್' ಆದಾಗ ಹೀರೋ ಜಾಗಕ್ಕೆ ರಜನಿಕಾಂತ್ ಬಂದರು. ಅಮ್ಮ ಮಾತ್ರ ಬದಲಾಗಲಿಲ್ಲ.

2003ರಲ್ಲಿ ಅವರು ತೀರಿಕೊಂಡರು. ನಮ್ಮ ವಯಸ್ಸಿನವರಿಗೆ ಅವರು ಅಮ್ಮ ಅಂತಷ್ಟೇ ಗೊತ್ತು. ಆ ನೀಲಾಳನ್ನು ನಾನು ನೋಡಿದ್ದೇ ಈ ಕಾರ್ಯಕ್ರಮಕ್ಕೆ ತಯಾರಿ ಮಾಡ್ಕೊಳ್ಳುವಾಗ.